ಗಾಳಿಗೆ ಅಡ್ಡ ನಿಂತ ಗೋಡೆ

ಆ ಸಿನಿಮಾ ನನ್ನ ಕೈಗೆ ಬರುವ ಹೊತ್ತಿಗೆ ನಾನು ಧಾರಾವಾಹಿಗಳಿಗೆ ಮನೆ ಕಟ್ಟಿ ಕಟ್ಟಿ ಬೇಸತ್ತಿದ್ದೆ. ಮೂರೇ ಗೋಡೆಯ ಅಡುಗೆಮನೆ, ನೀರು ಬಾರದ ನಲ್ಲಿ, ಹತ್ತಿದರೆ ಎಲ್ಲಿಗೂ ಮುಟ್ಟದ ಮೆಟ್ಟಿಲು. ಬೆಂಗಳೂರಿನ ಹೊರವಲಯದ ಗೋದಾಮುಗಳಲ್ಲಿ ಇಂಥವನ್ನು ಎಬ್ಬಿಸುವುದು, ಅತ್ತೆ ಸೊಸೆಯರ ಜಗಳ ಮುಗಿದ ಮೇಲೆ ಬಿಚ್ಚುವುದು, ಅದೇ ಪ್ಲೈವುಡ್ಡಿಗೆ ಬೇರೆ ಬಣ್ಣ ಬಳಿದು ಇನ್ನೊಂದು ಮನೆ ಮಾಡುವುದು. ಮೊದಲು ಬಣ್ಣದವರ ಜೊತೆ ಇದ್ದೆ, ಆಮೇಲೆ ಕಲಾ ನಿರ್ದೇಶಕರೊಬ್ಬರ ಸಹಾಯಕಿಯಾದೆ, ಕೊನೆಗೆ ನಾನೇ ಪ್ರೊಡಕ್ಷನ್ ಡಿಸೈನರ್ ಆದೆ. ಪರದೆಯ ಮೇಲೆ ನಟರನ್ನು ಬಿಟ್ಟು ಏನು ಕಂಡರೂ, ಗೋಡೆಯ ಬಿರುಕಿನಿಂದ ಹಿಡಿದು ನೀರು ಕುಡಿಯುವ ತಂಬಿಗೆಯವರೆಗೆ, ಅದಕ್ಕೆ ನಾನು ಹೊಣೆ.

ಈ ಹುಚ್ಚು ಹತ್ತಿದ್ದು ವಿಜಯಪುರದಲ್ಲೇ. ಗಾಂಧಿ ಚೌಕದ ಹಿಂದಿನ ಓಣಿಯಲ್ಲಿ ಅಪ್ಪನದು ಪೆಂಡಾಲಿನ ಅಂಗಡಿ. ಸಂಜೆ ಸಾಲೆ ಬಿಟ್ಟ ಮೇಲೆ ನಾನು ಜರಿ ಬಟ್ಟೆಯ ಗಂಟುಗಳ ಮೇಲೆ ಕೂತು ಮನೆಪಾಠ ಬರೆಯುತ್ತಿದ್ದೆ. ಬೆಳಿಗ್ಗೆ ನಾಯಿ ಮಲಗಿದ್ದ ಖಾಲಿ ಬಯಲು ಮಧ್ಯಾಹ್ನಕ್ಕೆ ಕಂಬ, ಪರದೆ, ತೋರಣ ಹೊತ್ತು ನಿಲ್ಲುವುದನ್ನು ಎಷ್ಟು ಸಲ ನೋಡಿದರೂ ನನಗೆ ಸಾಕಾಗುತ್ತಿರಲಿಲ್ಲ. ಅಪ್ಪನಿಗೆ ನನ್ನ ಕೆಲಸ ತಿಳಿಯುತ್ತಿತ್ತು, ಮನಸ್ಸಿಗೆ ಮಾತ್ರ ಬರುತ್ತಿರಲಿಲ್ಲ. "ನಾ ಹಾಕಿದ ಪೆಂಡಾಲದಾಗ ಖರೇ ಲಗ್ನ ಆಕ್ಕಾವ. ನೀ ಹಾಕಿದ್ದರಾಗ ಏನ ಆಕ್ಕೈತಿ ಬೇ?" ಎಂದು ಕೇಳುತ್ತಿದ್ದರು. ಈ ಪ್ರಶ್ನೆಗೆ ನಾನು ಪ್ರತಿಸಲವೂ ಬೇರೆ ಬೇರೆ ಉತ್ತರ ಹೇಳುತ್ತಿದ್ದೆ.

ಸಿನಿಮಾ ಹಳೆಯ ವಿಜಯಪುರದ ಒಂದು ವ್ಯಾಪಾರಿ ಮನೆತನದ ಕಥೆ. ನಿರ್ದೇಶಕರು ಬೆಂಗಳೂರಿನವರು, ಹೆಸರು ಮಾಡಿದವರು, ಮಾತು ಕಡಿಮೆ. ಊರಿನ ಓಣಿಗಳಲ್ಲೇ ಚಿತ್ರೀಕರಿಸೋಣವೆಂದು ಬಂದವರು ವೈರು, ಡಿಶ್, ಆಟೋ ಗದ್ದಲ ನೋಡಿ ಕೈಬಿಟ್ಟರು. "ನೀವು ಇಲ್ಲಿಯವರೇ ತಾನೇ? ಒಂದು ಓಣಿ ಕಟ್ಟಿಕೊಡಿ" ಎಂದರು. ಅದು ನನ್ನ ಮೊದಲ ದೊಡ್ಡ ಸಿನಿಮಾ. ಟಿಕೋಟಾದ ಆಚೆ, ಕಳ್ಳಕವಟಗಿಯಲ್ಲಿ, ಬಿತ್ತದೆ ಬಿಟ್ಟ ಒಂದು ಹೊಲವನ್ನು ಬಾಡಿಗೆಗೆ ಹಿಡಿದೆವು. ಬಬಲೇಶ್ವರದಲ್ಲಿ ಹಳೆಯ ಮನೆ ಕೆಡವಿದವರ ಹಿತ್ತಲು ಹಿತ್ತಲು ಅಲೆದು ಹಿತ್ತಾಳೆ ಬಳೆಯ ಬಾಗಿಲು, ಹೊಗೆ ಹಿಡಿದ ತೊಲೆ, ಸವೆದ ಹೊಸ್ತಿಲು ತಂದೆ. ಮಣ್ಣಿನ ಬಣ್ಣ ನನಗೆ ಗೊತ್ತಿತ್ತು, ಅದನ್ನು ಯಾರನ್ನೂ ಕೇಳಬೇಕಾಗಿರಲಿಲ್ಲ.

ಕಥೆಯ ಕೊನೆಗೆ ಒಂದು ದೃಶ್ಯ. ಮನೆಯಿಂದ ಹೊರಬಿದ್ದ ನಾಯಕಿ ಸಂಜೆ ಬಿಸಿಲಿನಲ್ಲಿ ಆ ಮನೆತನದ ವಾಡೆಯ ಉದ್ದನೆಯ ಗೋಡೆಯನ್ನು ಕೈಯಿಂದ ಸವರುತ್ತ ನಡೆದುಹೋಗಬೇಕು. ನನ್ನ ನಕ್ಷೆಯಲ್ಲಿ ಆ ಗೋಡೆ ಹೊಲದ ಉತ್ತರಕ್ಕಿತ್ತು. ನಿರ್ದೇಶಕರು ಬಂದು ಸೂರ್ಯನನ್ನು ನೋಡಿ, "ಇಳಿಬಿಸಿಲು ಗೋಡೆಗೆ ಎದುರಿನಿಂದ ಬೀಳಬೇಕು, ಪೂರ್ವದ ಬದಿಗೆ ಹಾಕಿ" ಎಂದರು. ಹಾಕಿದೆವು. ಕಬ್ಬಿಣದ ಪೈಪಿನ ಚೌಕಟ್ಟಿಗೆ ಪ್ಲೈವುಡ್, ಅದರ ಮೇಲೆ ಪ್ಲಾಸ್ಟರ್, ಸುಣ್ಣ, ಮಳೆಗೆ ಇಳಿದ ಕಲೆ. ಎರಡಾಳು ಎತ್ತರಕ್ಕೂ ಮೇಲೆ ಎದ್ದ ಆ ಗೋಡೆಯ ಬೆನ್ನಿಗೇ ಪಕ್ಕದ ಹೊಲದ ಬದು. ಬದುವಿನ ಆಚೆ ಒಂದು ಶೆಡ್ಡು. ಗೋಡೆ ಏಳುವಾಗ ಅದು ಖಾಲಿ ಇತ್ತು.

ಚಿತ್ರೀಕರಣ ನಡೆದಿರುವಾಗ ಒಂದು ಬೆಳಿಗ್ಗೆ ಸ್ಕೂಟಿಯ ಮೇಲೆ ಹೆಣ್ಣುಮಗಳೊಬ್ಬರು ಬಂದರು. ತಲೆಗೆ ಬಿಳಿ ಟೊಪ್ಪಿಗೆ, ಸೀರೆಯ ಮೇಲೆ ತುಂಬುತೋಳಿನ ಅಂಗಿ, ನನಗಿಂತ ಹತ್ತು ವರ್ಷ ದೊಡ್ಡವರಿರಬೇಕು. ಪಕ್ಕದ ದ್ರಾಕ್ಷಿ ತೋಟ, ಆ ಶೆಡ್ಡು ಅವರದೇ. ಗಂಡ ಸಾಲೆ ಮಾಸ್ತರರು, ತೋಟದ ವ್ಯವಹಾರವೆಲ್ಲ ಇವರು ನೋಡುವುದು ಎಂದು ಆಮೇಲೆ ತಿಳಿಯಿತು.

"ಈ ಗ್ವಾಡಿ ಕಟ್ಟಿಸಿದವರು ನೀವೇನ್ರಿ?"

"ಹೌದ್ರಿ ಅಕ್ಕಾರ."

"ನನ್ನ ಗಾಳಿ ತಡದೀರಿ ನೀವು. ಬರ್ರಿ, ನೋಡ್ ಬರ್ರಿ."

ಸಿಟ್ಟಿನ ದನಿಯಲ್ಲ ಅದು. ಅದಕ್ಕೇ ಕೈಯಲ್ಲಿದ್ದ ಕೆಲಸ ಬಿಟ್ಟು ಅವರ ಹಿಂದೆ ಹೋದೆ. ಶೆಡ್ಡಿನೊಳಗೆ ನೆಲದಿಂದ ಸೂರಿನವರೆಗೆ ಒಂದರ ಮೇಲೊಂದು ಬಲೆ ಬಿಗಿದು, ಔಷಧದ ನೀರಿನಲ್ಲಿ ಅದ್ದಿದ ದ್ರಾಕ್ಷಿಯನ್ನು ಒಣದ್ರಾಕ್ಷಿ ಮಾಡಲೆಂದು ಹರಡಿದ್ದರು. ನೆರಳಿನಲ್ಲಿ, ಹಾದುಹೋಗುವ ಗಾಳಿಗೇ ಅದು ಒಣಗಬೇಕು. ಬಿಸಿಲು ಬಿದ್ದರೆ ಬಣ್ಣ ಕೆಡುತ್ತದೆ, ಗಾಳಿ ನಿಂತರೆ ಹಣ್ಣೇ ಕೆಡುತ್ತದೆ. ಅವರು ಶೆಡ್ಡಿನ ಉತ್ತರದ ತುದಿಗೆ, ಗೋಡೆಯ ಮರೆ ಇಲ್ಲದ ಕಡೆ, ನನ್ನನ್ನು ನಿಲ್ಲಿಸಿದರು. ನನ್ನ ಓಡ್ನಿ ಹಾರಿ ಮುಖಕ್ಕೆ ಬಡಿಯಿತು. ನಡುಮಧ್ಯಕ್ಕೆ ಕರೆದುಕೊಂಡು ಹೋದರು. ಓಡ್ನಿ ಜೋತುಬಿತ್ತು. ಹೊರಗೆ ಪಡುವಣ ಗಾಳಿ ಸುಯ್ಯೆನ್ನುತ್ತಿದ್ದುದು ಕೇಳುತ್ತಿತ್ತು, ಒಳಗೆ ಒಂದು ಎಳೆಯೂ ಇಲ್ಲ. ಹುಳಿಗೆ ತಿರುಗಲು ಹೊರಟ ಸಿಹಿ ವಾಸನೆ ಮಾತ್ರ ಇತ್ತು.

ಅವರು ಬಲೆಯಿಂದ ಒಂದು ಗೊಂಚಲು ತೆಗೆದು ನನ್ನ ಅಂಗೈಗೆ ಇಟ್ಟರು. ಬೆರಳಿಗೆ ಅಂಟಿತು. "ತುದಿಯೊಳಗಿನವು ಹಸರಾಗಿ ಒಣಗಾಕತ್ತಾವ. ಇವು ಕರ್ರಗಾಗಾಕತ್ತಾವ. ಇನ್ನೊಂದು ದಿನ ಹಿಂಗ ಇತ್ತಂದ್ರ ಬೂಷ್ಟ ಹಿಡಿತಾವು. ವರ್ಷದ ಬೆಳಿರಿ ಇದು."

ಆ ಸಂಜೆ ವಿಜಯಪುರದ ಹೋಟೆಲಿನಲ್ಲಿ ನಿರ್ದೇಶಕರಿಗೆ ಹೇಳಿದೆ. ಅವರು ಊಟದ ತಟ್ಟೆಯಿಂದ ಕಣ್ಣೆತ್ತಲಿಲ್ಲ.

"ಹೊಲಕ್ಕೆ ಬಾಡಿಗೆ ಕೊಟ್ಟಿದ್ದೀವಿ ತಾನೇ?"

"ಕೊಟ್ಟಿದ್ದೀವಿ ಸರ್. ಹೊಲ ಬೇರೆಯವರದು, ಶೆಡ್ ಇವರದು."

"ಗೋಡೆ ನಮ್ಮ ಜಾಗದಲ್ಲಿದೆ. ನಾಯಕಿ ಇರೋದು ನಾಡಿದ್ದಿನವರೆಗೆ. ನಾಳೆ ಹಗಲು ಭೂತನಾಳ ಕೆರೆ ಹತ್ರ ಮುಗಿಸ್ಕೊಂಡು ಸಂಜೆಗೆ ಗೋಡೆ ಶಾಟ್. ಏನಾದ್ರೂ ಪರಿಹಾರ ಕೊಟ್ಟು ಸುಮ್ಮನಾಗಿಸಿ ಅಂತ ಮ್ಯಾನೇಜರ್‌ಗೆ ಹೇಳಿ."

ಮ್ಯಾನೇಜರ್ ಆ ಕೂಡಲೇ ಫೋನು ಹಚ್ಚಿದರು. ಆ ಕಡೆಯ ಮಾತು ನನಗೂ ಕೇಳಿತು: "ರೊಕ್ಕ ಬ್ಯಾಡ್ರಿ. ಗಾಳಿ ಬಿಡ್ರಿ." ಅಷ್ಟೇ ಹೇಳಿ ಇಟ್ಟುಬಿಟ್ಟರು.

ಮರುದಿನ ಬಿಸಿಲೇರುವ ಮೊದಲೇ ನಾನು ಕಳ್ಳಕವಟಗಿ ಮುಟ್ಟಿದಾಗ ಸೆಟ್ಟಿನ ಬಾಯಿಗೆ ಟ್ರ್ಯಾಕ್ಟರ್ ಅಡ್ಡ ನಿಂತಿತ್ತು. ಅಕ್ಕಾರರ ಮೈದುನರು, ತೋಟದ ಆಳುಗಳು ಸುತ್ತ ನಿಂತಿದ್ದರು. ಒಬ್ಬರ ಹೆಗಲ ಮೇಲೆ ದಪ್ಪ ಹಗ್ಗದ ಸಿಂಬಿ. ಹಗ್ಗದ ಒಂದು ತುದಿಯನ್ನು ಆಗಲೇ ಗೋಡೆಯ ಚೌಕಟ್ಟಿಗೆ ಬಿಗಿದಿದ್ದರು. ನಮ್ಮ ಬಡಿಗರು ದೂರ ಸರಿದು ನಿಂತಿದ್ದರು. ಯೂನಿಟ್ಟಿನವರೆಲ್ಲ ಭೂತನಾಳಕ್ಕೆ ಹೋಗಿದ್ದರು. ಮಾತಾಡಲು ಅಲ್ಲಿದ್ದವಳು ನಾನೊಬ್ಬಳೇ.

"ಎಳದ ಬಿಡೂನು ವೈನಿ, ಮಾತ ಯಾಕ?" ಎಂದರು ಟ್ರ್ಯಾಕ್ಟರ್ ಮೇಲಿದ್ದ ಮೈದುನರು. ಇಂಜಿನ್ ಚಾಲೂ ಇತ್ತು.

ನಾನು ಹೋಗಿ ಹಗ್ಗ ಮತ್ತು ಗೋಡೆಯ ನಡುವೆ ನಿಂತೆ. ಧೈರ್ಯದಿಂದ ಅಲ್ಲ. ಆ ಚೌಕಟ್ಟು ಎಳೆದರೆ ಯಾವ ಕಡೆ ಬೀಳುತ್ತದೆಂದು ನನಗೊಬ್ಬಳಿಗೇ ಗೊತ್ತಿತ್ತು. "ಅಣ್ಣಾರ, ಇದನ್ನ ಎಳದ್ರ ಮುಂದಕ್ಕ ಬೀಳೂದಿಲ್ರಿ. ಪೈಪಿನ ಆಧಾರ ಎಲ್ಲಾ ಹಿಂದ ಅದಾವ, ತಿರುವಿ ಹಿಂದಕ್ಕ ಬೀಳತೈತಿ. ನಿಮ್ಮ ಶೆಡ್ಡಿನ ಮ್ಯಾಲ."

ಇಂಜಿನ್ ನಿಲ್ಲಲಿಲ್ಲ. ಆದರೆ ಅಕ್ಕಾರ ಕೈ ಎತ್ತಿದರು. ಗೋಡೆಯನ್ನು ಒಮ್ಮೆ, ಹಿಂದಿನ ಶೆಡ್ಡನ್ನು ಒಮ್ಮೆ ನೋಡಿದರು.

"ಮತ್ತೇನ ಮಾಡ್ತೀರಿ?"

ಹಿಂದಿನ ಸಂಜೆಯಿಂದ ತಲೆಯಲ್ಲಿ ಸುತ್ತುತ್ತಿದ್ದುದನ್ನು ಆಗ ಮೊದಲ ಸಲ ಬಾಯಿಬಿಟ್ಟು ಹೇಳಿದೆ. "ಗ್ವಾಡಿ ನಿಂದರತೈತಿ, ಗಾಳಿನೂ ಹೊಕ್ಕೈತಿ. ಹೊತ್ತ ತಿರುಗೂತನಕ ನನಗ ಟೈಮ್ ಕೊಡ್ರಿ."

"ಹೊತ್ತ ತಿರುಗಿದ ಮ್ಯಾಲ ಗಾಳಿ ಬರಲಿಲ್ಲಂದ್ರ?"

"ನಾನ ಮುಂದ ನಿಂತ ಬಿಚ್ಚಿಸ್ತೇನ್ರಿ."

ನನ್ನ ಉಪಾಯ ಹೀಗಿತ್ತು. ಗೋಡೆಯ ಕೆಳಭಾಗ, ನಾಯಕಿ ಮುಟ್ಟಿ ನಡೆಯುವಷ್ಟು ಎತ್ತರ, ಪ್ಲೈವುಡ್ಡೇ ಇರಲಿ. ಆದರೆ ಅದನ್ನು ತುಂಡು ಮಾಡಿ, ಕೀಲು ಹಚ್ಚಿ, ಬಾಗಿಲಿನಂತೆ ತೆಗೆದು ಹಾಕುವಂತೆ ಮಾಡುವುದು. ದಿನವಿಡೀ ತೆರೆದಿದ್ದು, ಶಾಟ್ ಹೊತ್ತಿಗೆ ಮಾತ್ರ ಮುಚ್ಚುವುದು. ಮೇಲಿನ ಭಾಗದ ಪ್ಲೈವುಡ್ ಪೂರ್ತಿ ಕಿತ್ತು, ಅಲ್ಲಿ ದ್ರಾಕ್ಷಿ ತೋಟಕ್ಕೆ ನೆರಳಿಗೆ ಕಟ್ಟುವ ಬಲೆಯನ್ನು ಬಿಗಿಯುವುದು. ಬಲೆಯ ಮೇಲೆ ತೆಳ್ಳಗೆ ಸುಣ್ಣ, ಮಣ್ಣಿನ ಬಣ್ಣ ಸಿಂಪಡಿಸಿದರೆ, ಬಿಸಿಲು ಎದುರಿನಿಂದ ಬಿದ್ದಾಗ ದೂರದಿಂದ ಅದು ಗೋಡೆಯೇ. ಹಿಂದೊಮ್ಮೆ ನಾಟಕವೊಂದಕ್ಕೆ ರಂಗಸಜ್ಜಿಕೆ ಮಾಡಿದಾಗ ಈ ಆಟ ಆಡಿದ್ದೆ. ಬಯಲಿನಲ್ಲಿ, ಗಾಳಿಯಲ್ಲಿ, ಕ್ಯಾಮೆರಾದ ಎದುರು ಎಂದೂ ಆಡಿರಲಿಲ್ಲ.

ಟಿಕೋಟಾದ ಅಂಗಡಿಗಳಿಂದ ಸಿಕ್ಕಷ್ಟು ಬಿಳಿ ಬಲೆ ತರಿಸಿದೆ. ಬಡಿಗರು ಗರಗಸ ಹಿಡಿದರು. ಆದರೆ ಬಲೆಯನ್ನು ಅಷ್ಟೆತ್ತರದಲ್ಲಿ ಸುಕ್ಕಿಲ್ಲದೆ ಬಿಗಿಯುವ ಕೈ ಅವರದಲ್ಲ. ಅಪ್ಪನಿಗೆ ಫೋನು ಮಾಡಿದೆ.

"ಯಪ್ಪಾ, ಮಂದಿ ಬೇಕಾಗ್ಯಾರ. ಈಗಿಂದೀಗ."

"ಹುಚ್ಚಿ, ಇವತ್ತ ಲಗ್ನ ಐತಿ. ಪೆಂಡಾಲ ಅರ್ಧಾ ಆಗೈತಿ. ಎಲ್ಲಿಂದ ಕೊಡ್ಲಿ?"

ಗೋಡೆ, ದ್ರಾಕ್ಷಿ, ಟ್ರ್ಯಾಕ್ಟರ್ ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿದೆ. ಅಪ್ಪ ಫೋನು ಇಟ್ಟರು.

ಗೋಡೆಯ ಮೇಲ್ಭಾಗ ಕಿತ್ತು ಮುಗಿಯುವ ಹೊತ್ತಿಗೆ ಬಿದಿರು, ಹಗ್ಗ ಹೇರಿಕೊಂಡ ಅಪ್ಪನ ಟೆಂಪೋ ಬದುವಿನ ಹತ್ತಿರ ಬಂದು ನಿಂತಿತು. ಅಪ್ಪ ತಾವೇ ಇಳಿದರು, ಜೊತೆಗೆ ಅವರ ಹಳೆಯ ಕೆಲಸಗಾರರಿಬ್ಬರು. ಮದುವೆಯ ಪೆಂಡಾಲನ್ನು ನನ್ನ ತಮ್ಮನಿಗೆ ಒಪ್ಪಿಸಿ ಬಂದಿದ್ದರು. ನನ್ನ ಮುಖ ನೋಡಲಿಲ್ಲ, ಗೋಡೆಯನ್ನು ನೋಡಿದರು. "ಬರೇ ಮ್ಯಾಲ ಕೆಳಗ ಕಟ್ಟಿದ್ರ ಇದು ಹಾಯಿ ಆಕ್ಕೈತಿ, ಹರಕೊಂಡ ಹೊಕ್ಕೈತಿ. ನಡುವ ಬಿದಿರ ಕೊಡೂನು" ಎಂದರು. ನಾನು ಬರೆದಿದ್ದ ನಕ್ಷೆಯಲ್ಲಿ ನಡುವೆ ಪೈಪ್ ಇತ್ತು. ತೋರಿಸಿದೆ. ಬಿದಿರು ಹಗುರ ಎಂದು ವಾದಿಸಿದರು. ಪೈಪು ತೆಳ್ಳಗಿದೆ, ಬಲೆಯಾಚೆ ಅದರ ನೆರಳು ಕಾಣುವುದಿಲ್ಲ ಎಂದು ನಾನು ವಾದಿಸಿದೆ. ಆ ಗಡಿಬಿಡಿಯಲ್ಲೂ ಇಬ್ಬರೂ ಜಗಳಾಡಿಕೊಂಡೇ ಎರಡನ್ನೂ ಕೊಟ್ಟೆವು.

ಹೊತ್ತು ತಿರುಗುವ ಮೊದಲು ಕೆಳಗಿನ ಬಾಗಿಲುಗಳನ್ನೆಲ್ಲ ತೆರೆದೆವು. ಅಕ್ಕಾರ ಶೆಡ್ಡಿನ ನಡುಮಧ್ಯದಲ್ಲಿ ನಿಂತಿದ್ದರು. ನಾನು ಬದುವಿನ ಮೇಲೆ. ಮೈದುನರು ಟ್ರ್ಯಾಕ್ಟರ್ ಮತ್ತೆ ಚಾಲೂ ಮಾಡಿ ಮೇಲೆ ಕೂತಿದ್ದರು. ಮೊದಲು ಏನೂ ಆಗಲಿಲ್ಲ. ಆಮೇಲೆ ಪಡುವಣದಿಂದ ಒಂದು ಬೀಸು ಬಂತು, ಬಲೆ ಗುಂಯ್ ಎಂದಿತು, ಶೆಡ್ಡಿನೊಳಗೆ ಅಕ್ಕಾರರ ಸೆರಗು ನಿಧಾನ ಎದ್ದಿತು. ಹಾರಲಿಲ್ಲ, ಎದ್ದಿತು ಅಷ್ಟೇ. ಅವರು ಬಲೆಗೆ ಬಲೆಗೆ ಕೈಯಿಟ್ಟು ನೋಡುತ್ತ ಹೊರಬಂದರು.

"ಮೊದಲಿನಷ್ಟಿಲ್ರಿ. ಆದ್ರ ಬಂದೈತಿ." ಮೈದುನರ ಕಡೆ ತಿರುಗಿ, "ಗಾಡಿ ಬಂದ ಮಾಡು" ಎಂದರು.

ಕೂರಬೇಕೆಂದುಕೊಂಡೆ. ಆಗಲೇ ಯೂನಿಟ್ಟಿನ ಗಾಡಿಗಳ ಧೂಳು ಕಂಡಿತು. ಭೂತನಾಳದಲ್ಲಿ ಕೆಲಸ ಬೇಗ ಮುಗಿದಿತ್ತು.

ನಿರ್ದೇಶಕರು ಕಾರಿನಿಂದ ಇಳಿದವರು ಬಾಗಿಲು ಹಾಕುವುದನ್ನೂ ಮರೆತರು. ಅವರ ಎದುರಿಗೆ ಕೆಳಗೆಲ್ಲ ತೆರೆದ ಕಂಡಿಗಳು, ಮೇಲೆ ಬಣ್ಣ ಆರದ ಬಲೆ, ಕಿತ್ತೆಸೆದ ಪ್ಲಾಸ್ಟರಿನ ರಾಶಿ.

"ಯಾರು ಹೇಳಿದ್ದು ಇದನ್ನ ಕತ್ತರಿಸೋಕೆ?"

"ನಾನೇ ಸರ್."

"ನನ್ನ ಒಂದು ಮಾತು ಕೇಳಬೇಕು ಅನ್ನಿಸಲಿಲ್ವಾ?"

"ನಿನ್ನೆ ಹೇಳಿದ್ದೆ ಸರ್. ನೀವು ಪರಿಹಾರ ಕೊಟ್ಟು ಸುಮ್ಮನಾಗಿಸಿ ಅಂದ್ರಿ."

ಎಲ್ಲರೂ ಕೇಳುತ್ತಿದ್ದರು. ಅಪ್ಪ ಏಣಿಯ ಮೇಲೆ ಹಗ್ಗ ಹಿಡಿದು ಹಾಗೇ ನಿಂತಿದ್ದರು. ತಮ್ಮ ಮಗಳನ್ನು ಹೀಗೆ ಯಾರಾದರೂ ಮಾತಾಡಿಸುವುದನ್ನು ಅವರು ನೋಡಿದ್ದು ಅದೇ ಮೊದಲು.

"ಈ ಶಾಟ್ ಬರಲಿಲ್ಲ ಅಂದ್ರೆ ನಾಳೆಯಿಂದ ನೀವು ಈ ಸಿನಿಮಾದಲ್ಲಿ ಇಲ್ಲ" ಎಂದರು ನಿರ್ದೇಶಕರು.

ಸೂರ್ಯ ಇಳಿಯುವುದನ್ನು ಕಾಯುವುದೊಂದೇ ಉಳಿದಿತ್ತು. ನಾಯಕಿ ಮೇಕಪ್ ಮುಗಿಸಿ ಕೊಡೆಯ ಕೆಳಗೆ ಕೂತಿದ್ದರು. ನಾನು ಬಲೆಯ ಮೇಲೆ ಇನ್ನೊಂದು ಪದರ ಸಿಂಪಡಿಸಿದೆ. ತೂತು ಮುಚ್ಚುವಷ್ಟು ಆಗಬಾರದು, ತೂತು ಕಾಣುವಷ್ಟು ಕಡಿಮೆಯೂ ಆಗಬಾರದು. ಬಿಸಿಲು ಹಳದಿಗೆ ತಿರುಗಿದಾಗ ಬಾಗಿಲುಗಳನ್ನು ಮುಚ್ಚಿಸಿ, ಸಂದಿಗಳಿಗೆ ಮಣ್ಣು ಮೆತ್ತಿ, ಓಡಿ ಮಾನಿಟರ್ ಹತ್ತಿರ ಬಂದೆ.

ಗೋಡೆ ಇತ್ತು. ಇಡಿಯಾಗಿ, ಭಾರವಾಗಿ, ಹಳೆಯದಾಗಿ ಇತ್ತು. ನಿರ್ದೇಶಕರು ಕುರ್ಚಿಯಲ್ಲಿ ಮುಂದಕ್ಕೆ ಬಾಗಿದರು. "ರೋಲ್" ಎಂದರು.

ನಾಯಕಿ ನಾಲ್ಕು ಹೆಜ್ಜೆ ಇಟ್ಟಿದ್ದರು. ಗಾಳಿ ಬೀಸಿತು. ಗೋಡೆಯ ಮೇಲ್ಭಾಗ ನೀರಿನಂತೆ ಅಲೆಯಾಡಿತು.

"ಕಟ್!"

ಯಾರೂ ನನ್ನ ಕಡೆ ನೋಡಲಿಲ್ಲ. ಎರಡನೆಯ ಸಲವೂ ಹಾಗೇ ಆಯಿತು. ಸೂರ್ಯ ಹೊಲದಾಚೆಯ ಬೇವಿನ ಮರದ ತಲೆ ಮುಟ್ಟಿದ. ನಾನು ಗೋಡೆಯ ಹಿಂದಕ್ಕೆ ಓಡಿದೆ. ಬಲೆಯ ನಡುವಿನ ಬಿದಿರಿಗೆ ಹಗ್ಗ ಕಟ್ಟಿ ಕೆಳಕ್ಕೆ ಜಗ್ಗಿ ಹಿಡಿದರೆ ಅಲುಗಾಟ ನಿಲ್ಲುತ್ತಿತ್ತು, ಆದರೆ ಗೋಡೆಯುದ್ದಕ್ಕೂ ಹಿಡಿಯಬೇಕು, ಒಂದೇ ಬಿಗುವಿನಲ್ಲಿ ಹಿಡಿಯಬೇಕು. ಅಪ್ಪ ಆಗಲೇ ಹಗ್ಗ ಇಳಿಬಿಡುತ್ತಿದ್ದರು. ಅಪ್ಪ, ಅವರ ಇಬ್ಬರು, ಬಡಿಗರು, ನಾನು. ಸಾಲುತ್ತಿರಲಿಲ್ಲ. ಬದುವಿನ ಮೇಲೆ ನಿಂತವರ ಕಡೆ ತಿರುಗಿದೆ. ಬೆಳಿಗ್ಗೆ ಈ ಗೋಡೆಯನ್ನು ಎಳೆದು ಕೆಡವಲು ಬಂದಿದ್ದ ಮಂದಿ ಅವರು. ಯಾವ ಬಾಯಿಂದ ಕೇಳಲಿ?

"ಅಕ್ಕಾರ, ಸ್ವಲ್ಪ ಹಿಡೀರಿ. ಇದೊಂದ ಸಲ."

ಅವರು ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ಬದು ಇಳಿದು ಬಂದರು. "ಬರ್ರೆಲೇ, ನೋಡ್ಕೋತ ನಿಂತೀರಲ್ಲ" ಎಂದು ಹಿಂದಕ್ಕೆ ಕೂಗಿದರು. ಮೈದುನರು ಬಂದರು, ಆಳುಗಳು ಬಂದರು. ಮುಚ್ಚಿದ ಬಾಗಿಲುಗಳ ಹಿಂದೆ ಸಾಲಾಗಿ ಬಾಗಿ ನಿಂತು ಹಗ್ಗ ಹಿಡಿದೆವು.

"ಜಗ್ಗಬ್ಯಾಡ್ರಿ, ಬಿಗಿ ಹಿಡೀರಿ" ಎಂದು ಅಪ್ಪ ಪಿಸುಗುಟ್ಟುತ್ತ ಸಾಲಿನುದ್ದಕ್ಕೂ ನಡೆದರು.

ಆ ಕಡೆಯಿಂದ "ಆಕ್ಷನ್" ಕೇಳಿತು. ಪ್ಲೈವುಡ್ಡಿನ ಇನ್ನೊಂದು ಮಗ್ಗುಲಲ್ಲಿ ನಾಯಕಿಯ ಅಂಗೈ ಸವರುತ್ತ ಬರುವ ಸದ್ದು. ಹತ್ತಿರ ಬಂತು, ನನ್ನ ಕಿವಿಯ ಪಕ್ಕದಲ್ಲೇ ಹಾದುಹೋಯಿತು. ಗಾಳಿ ಬೀಸಿತು. ಹಗ್ಗ ಅಂಗೈ ಕೊಯ್ಯುವಂತೆ ಎಳೆಯಿತು. ಅಕ್ಕಾರ ನನ್ನ ಪಕ್ಕದಲ್ಲಿ ಕಣ್ಣು ಮುಚ್ಚಿ ಹಲ್ಲು ಕಚ್ಚಿದ್ದರು. ಅಂಗೈಯ ಸದ್ದು ದೂರ ಹೋಯಿತು. ಎಷ್ಟು ಹೊತ್ತಾದರೂ "ಕಟ್" ಕೇಳಲಿಲ್ಲ. ಏನೋ ಕೆಟ್ಟಿದೆ, ಅವರು ಎದ್ದು ಹೋಗಿದ್ದಾರೆ ಎಂದೇ ತಿಳಿದೆ.

ಕೊನೆಗೆ ಕೇಳಿತು. ಆಮೇಲೆ "ಓಕೆ" ಎಂಬ ಒಂದು ಸಣ್ಣ ಮಾತು.

ಅಕ್ಕಾರ ಹಗ್ಗ ಬಿಟ್ಟವರೇ ಬಾಗಿಲುಗಳನ್ನು ಒಂದೊಂದಾಗಿ ತಾವೇ ತೆರೆಯುತ್ತ ಹೋದರು.

ಮರುದಿನ ತಿಂಡಿಯ ಹೊತ್ತಿಗೆ ನಿರ್ದೇಶಕರು ನನ್ನ ಮೇಜಿಗೆ ಬಂದು ಕೂತರು. "ಶಾಟ್ ಚೆನ್ನಾಗಿದೆ. ಸಿನಿಮಾ ಮುಗಿಯೋವರೆಗೂ ನೀವೇ ಇರ್ತೀರಿ. ಆದ್ರೆ ನನಗೆ ಹೇಳದೆ ನನ್ನ ಸೆಟ್ ಕತ್ತರಿಸೋರ ಜೊತೆ ನಾನು ಇನ್ನೊಂದು ಸಿನಿಮಾ ಮಾಡಲ್ಲ. ಅದನ್ನ ನೇರವಾಗಿ ಹೇಳಬೇಕು ಅನ್ನಿಸ್ತು." ನಾನು ಆಗಲಿ ಎಂದೆ. ಅವರ ಜಾಗದಲ್ಲಿದ್ದರೆ ನಾನೂ ಹಾಗೇ ಹೇಳುತ್ತಿದ್ದೆನೋ ಏನೋ. ಅವರು ನುಡಿದಂತೆ ನಡೆದರು, ಮತ್ತೆ ಕರೆಯಲಿಲ್ಲ. ಒಂದು ವರ್ಷ ನಾನು ಧಾರಾವಾಹಿಯ ಅಡುಗೆಮನೆಗಳಿಗೇ ಮರಳಿದೆ. ಆ ಗೋಡೆಯನ್ನು ಪರದೆಯ ಮೇಲೆ ನೋಡಿದ ಬೇರೊಬ್ಬರು ಆಮೇಲೆ ಕರೆದರು. ಅದು ಬಲೆಯೆಂದು ಅವರಿಗೆ ನಾನು ಹೇಳುವವರೆಗೆ ಗೊತ್ತಿರಲಿಲ್ಲ.

ಸೆಟ್ ಬಿಚ್ಚುವ ವಾರ ಅಪ್ಪನೂ ದಿನಾ ಬರುತ್ತಿದ್ದರು. ಬಿದಿರು ಎಣಿಸುವ ನೆಪ. ಎಂದಿನ ಆ ಪ್ರಶ್ನೆಯನ್ನು ಅವರು ಕೇಳಲಿಲ್ಲ. ಬಬಲೇಶ್ವರದ ಬಾಗಿಲೊಂದನ್ನು ಮಾತ್ರ, "ಇದು ಅಂಗಡಿಗೆ ಛಂದ ಕಾಣತೈತಿ" ಎಂದು ಟೆಂಪೋಕ್ಕೆ ಹಾಕಿಸಿಕೊಂಡರು.

ಕೊನೆಯ ದಿನ ಅಕ್ಕಾರ ಕರೆಕಳಿಸಿದರು. ಶೆಡ್ಡಿನಲ್ಲಿ ಆಳುಗಳು ಬಲೆಗಳನ್ನು ಅಲುಗಿಸಿ ಒಣದ್ರಾಕ್ಷಿಯನ್ನು ಕೆಳಗೆ ಹಾಸಿದ ತಾಡಪತ್ರಿಯ ಮೇಲೆ ಉದುರಿಸುತ್ತಿದ್ದರು. ತುದಿಯ ಕಡೆಯ ರಾಶಿ ಹಸಿರು ಮಿಶ್ರಿತ ಬಂಗಾರದ ಬಣ್ಣ. ನಡುವಿನದು ಕಂದು, ಅಲ್ಲಲ್ಲಿ ಕಪ್ಪು. ನಾನು ಆ ಕಂದು ರಾಶಿಯ ಮುಂದೆ ನಿಂತುಬಿಟ್ಟೆ.

"ಅದನ್ನ ಬ್ಯಾರೆ ಮಾರತೇನಿ ಬಿಡು. ಬೂಷ್ಟ ಹಿಡಿಲಿಲ್ಲ, ಸಾಕು" ಎಂದರು ಅಕ್ಕಾರ. ನನ್ನನ್ನು ಏಕವಚನದಲ್ಲಿ ಕರೆದದ್ದು ಅದೇ ಮೊದಲು. "ನಷ್ಟ ಆಗಿಲ್ಲ ಅಂತ ಸುಳ್ಳ ಹೇಳೂದಿಲ್ಲ ನಾ. ಆಗೈತಿ. ಆದ್ರ ನೀ ಬಂದ ನೋಡಿದಿ. ಕುಂದರು, ಚಾ ತರಸ್ತೇನಿ."

ಹೆಂಗಸರು ರಾಶಿಯ ಸುತ್ತ ಕೂತು ತೊಟ್ಟು, ಕಡ್ಡಿ ಆರಿಸುತ್ತಿದ್ದರು. ಒಬ್ಬರು ಸರಿದು ಜಾಗ ಕೊಟ್ಟರು. ಗಾಳಿ ಶೆಡ್ಡಿನ ಈ ಕಡೆಯಿಂದ ಆ ಕಡೆಗೆ ತಡೆಯಿಲ್ಲದೆ ಹೋಗುತ್ತಿತ್ತು, ಚಹಾ ಬರುವಷ್ಟರಲ್ಲಿ ಆರುತ್ತದೆಂದು ಯಾರೋ ನಕ್ಕರು. ನಾನು ಕೂತು, ಕಂದು ರಾಶಿಯನ್ನು ಮಡಿಲ ಕಡೆ ಎಳೆದುಕೊಂಡು ಕಡ್ಡಿ ಆರಿಸತೊಡಗಿದೆ.